ಮಂಜೇಶ್ವರ 1957: ಮತ ಹಾಕದೇ ಗೆದ್ದ ಚುನಾವಣೆ

ಈ ಮಾತನ್ನ ವಿಮಾನ ನಗರದ ಫ್ಲ್ಯಾಟಿನಲ್ಲಿ ಕೂತು ರೆಕಾರ್ಡ್ ಮಾಡಿದ್ದು, ಮಧ್ಯೆ ಒಂದೆರಡು ವಿಮಾನದ ಸದ್ದು ಬಂದಿದೆ, ಕ್ಷಮಿಸಿ. ಕೇಳೋದಕ್ಕಿಂತ ಓದೋದು ಇಷ್ಟ ಅನ್ನೋರಿಗೆ ಇಲ್ಲಿ ಬರಹರೂಪ.

ನನ್ನೂರು ಉಪ್ಪಳದ ಹತ್ತಿರ. ಅಂದರೆ ಕಾಸರಗೋಡು ಜಿಲ್ಲೆ, ಕೇರಳ. ಇಲ್ಲಿ ಆಫೀಸಲ್ಲಿ "ಕೇರಳದವನಾ? ಮತ್ತೆ ಕನ್ನಡ ಹೇಗೆ?" ಅಂತ ಕೇಳ್ತಾರೆ. ಉತ್ತರ 1956ರ ನವೆಂಬರ್ 1ರಲ್ಲಿದೆ. ಅಂದು ದಕ್ಷಿಣ ಕನ್ನಡ ಮೈಸೂರು ರಾಜ್ಯಕ್ಕೆ ಸೇರಿತು, ಅದರ ಕಾಸರಗೋಡು ತಾಲೂಕು ಮಾತ್ರ ಕೇರಳಕ್ಕೆ ಹೋಯಿತು.

ನಾಲ್ಕೇ ತಿಂಗಳಿಗೆ ಕೇರಳದ ಮೊದಲ ಚುನಾವಣೆ. ಇ.ಎಂ.ಎಸ್. ಮುಖ್ಯಮಂತ್ರಿಯಾದದ್ದು ಎಲ್ಲರಿಗೂ ಗೊತ್ತು. ಆದರೆ ಉತ್ತರದ ತುದಿಯ ಮಂಜೇಶ್ವರದಲ್ಲಿ ವಿಧಾನಸಭೆಗೆ ಮತದಾನವೇ ನಡೆಯಲಿಲ್ಲ. ಎಂ. ಉಮೇಶ ರಾವ್ ಅವಿರೋಧವಾಗಿ ಆಯ್ಕೆಯಾದರು. ದಾಖಲೆಯಲ್ಲಿ ಪಕ್ಷೇತರ, ಬೆನ್ನ ಹಿಂದಿದ್ದದ್ದು ಕಾಸರಗೋಡು ಕರ್ನಾಟಕಕ್ಕೆ ಸೇರಬೇಕೆಂಬ ಕೂಗು.

ನಮ್ಮಜ್ಜಿಗೆ ಅದು ಮೊದಲ ಓಟು. ಆಗ ಒಬ್ಬೊಬ್ಬ ಅಭ್ಯರ್ಥಿಗೆ ಒಂದೊಂದು ಪೆಟ್ಟಿಗೆ, ಮೇಲೆ ಚಿಹ್ನೆ ಅಂಟಿಸಿರೋದು. "ಲೋಕಸಭೆಯದ್ದು ಒಂದೇ ಚೀಟಿ ಕೊಟ್ಟದ್ದು ಮಾರಾಯ, ಇನ್ನೊಂದು ಎಲ್ಲಿ ಅಂತ ಕೇಳಿದ್ರೆ, ಅದು ಆಗಿ ಹೋಗಿದೆ ಅಂದರು" ಅಂತ ಅಜ್ಜಿ ಹೇಳ್ತಿದ್ದರು. ಆ ಲೋಕಸಭಾ ಸ್ಥಾನ ಗೆದ್ದದ್ದು ಎ.ಕೆ. ಗೋಪಾಲನ್.

ಊರಲ್ಲಿ ಈ ಅವಿರೋಧ ಆಯ್ಕೆಯನ್ನ ಒಗ್ಗಟ್ಟಿನ ಕಥೆಯಾಗಿ ಹೇಳ್ತಾರೆ. ಒಗ್ಗಟ್ಟು ಇದ್ದಿರಬಹುದು. ನನಗೆ ಚುಚ್ಚೋದು ಬೇರೆ: ರನ್ ಆಗದ ಟೆಸ್ಟ್‌ಗೆ ಪಾಸ್ ಅಂತ ಬರೆದ ಹಾಗಿದೆ ಇದು. ಸ್ಪರ್ಧೆ ನಡೆದಿದ್ದರೆ ಒಂದು ಸಂಖ್ಯೆ ಸಿಗ್ತಿತ್ತು. ಇಷ್ಟು ಸಾವಿರ ಜನ ಈ ಕಡೆ, ಇಷ್ಟು ಆ ಕಡೆ ಅಂತ. ಗಡಿಯ ವಾದದಲ್ಲಿ ಅಂಥ ಸಂಖ್ಯೆಗೆ ಎಷ್ಟು ಬೆಲೆ ಅಂತ ಬೆಳಗಾವಿ ಕಡೆಯವರಿಗೆ ನಾನು ಹೇಳಬೇಕಿಲ್ಲ. (ಅವಿರೋಧ ಆಯ್ಕೆ ಹಳೇ ಕಾಲದ್ದು ಅನ್ನಬೇಡಿ. 2024ರಲ್ಲಿ ಸೂರತ್ ಲೋಕಸಭಾ ಕ್ಷೇತ್ರದಲ್ಲೂ ಹೀಗೇ ಆಯ್ತು.)

ಆ ವಿಧಾನಸಭೆ 1959ರಲ್ಲಿ ವಿಸರ್ಜನೆಯಾಯ್ತು. 1960ರಲ್ಲಿ ಕಳ್ಳಿಗೆ ಮಹಾಬಲ ಭಂಡಾರಿ ಗೆದ್ದರು, 1965, 1967ರಲ್ಲೂ ಅವರೇ. 1967ರಲ್ಲೇ ಮಹಾಜನ ಆಯೋಗ ಚಂದ್ರಗಿರಿ ಹೊಳೆಯ ಉತ್ತರ ಭಾಗ ಕರ್ನಾಟಕಕ್ಕೆ ಅಂತ ಶಿಫಾರಸು ಮಾಡ್ತು. ಅದು ಜಾರಿಗೆ ಬರಲಿಲ್ಲ. 1970ರಲ್ಲಿ ಮಂಜೇಶ್ವರ ಸಿಪಿಐನ ಎಂ. ರಾಮಪ್ಪ ಅವರನ್ನ ಆರಿಸಿತು.

ಈಗ ನನ್ನ ತಪ್ಪು. 2016ರ ಮೇ 16, ಸೋಮವಾರ, ಕೇರಳದಲ್ಲಿ ಮತದಾನ. ಆ ವಾರ ನಮಗೆ ರಿಲೀಸ್ ಇತ್ತು. ಕೊಂಕಣ ರೈಲಿನ ಟಿಕೆಟ್ ವೇಟಿಂಗ್ ಲಿಸ್ಟಲ್ಲೇ ಉಳೀತು, ಒಂದು ಓಟು ತಾನೇ ಅಂತ ಹೋಗಲಿಲ್ಲ. ಮುಸ್ಲಿಂ ಲೀಗಿನ ಪಿ.ಬಿ. ಅಬ್ದುಲ್ ರಜಾಕ್ ಬಿಜೆಪಿಯ ಕೆ. ಸುರೇಂದ್ರನ್ ಎದುರು ಗೆದ್ದರು. ಅಂತರ 89 ಮತ. ನಮ್ಮ ಸೊಸೈಟಿಯ ಒಂದು ವಿಂಗಿನಲ್ಲೇ ಅದಕ್ಕಿಂತ ಹೆಚ್ಚು ಜನ ಇದ್ದೇವೆ.

ಫಲಿತಾಂಶದ ದಿನ ಅಜ್ಜಿ ಫೋನ್ ಮಾಡಿದರು. ಅವರು ಯಾರಿಗೆ ಹಾಕಿದ್ದು ಅಂತ ಕೊನೇವರೆಗೂ ಹೇಳಲಿಲ್ಲ. ಕೇಳಿದ್ದು ಇಷ್ಟೇ: "ನಿಂಗೆ ಎರಡನೇ ಚೀಟಿ ಕೊಡ್ಲಿಕ್ಕೆ ಜನ ಕಾಯ್ತಾ ಇದ್ರಲ್ಲ, ಎಂತಕ್ಕೆ ಬರ್ಲಿಲ್ಲ?"

ಹೆಸರು ಇನ್ನೂ ಅಲ್ಲಿಯ ಪಟ್ಟಿಯಲ್ಲೇ ಇದೆ. ಪುಣೆಗೆ ವರ್ಗಾಯಿಸೋ ಫಾರ್ಮ್ 8 ಲ್ಯಾಪ್‌ಟಾಪಿನ ಒಂದು ಟ್ಯಾಬಲ್ಲಿ ತಿಂಗಳಿಂದ ತೆರೆದೇ ಇದೆ. ತುಂಬಿಲ್ಲ.