ಕಾಲೇಜಿಗೆ ಬೀಗ ಬಿದ್ದರೆ ವೈದ್ಯ ವಿದ್ಯಾರ್ಥಿಗೆ ಯಾರು ದಿಕ್ಕು?

ಖಾಸಗಿ ವೈದ್ಯಕೀಯ ಕಾಲೇಜು ತೆರೆಯುವವರು ಮೊದಲು ರಾಜ್ಯ ಸರ್ಕಾರದಿಂದ ಅಗತ್ಯತಾ ಪ್ರಮಾಣಪತ್ರ ಪಡೆಯಬೇಕು. ಆ ಪತ್ರದಲ್ಲಿ ಸರ್ಕಾರ ಒಂದು ಮಾತು ಕೊಡುತ್ತದೆ: ಸಂಸ್ಥೆ ನಿಯಮದಂತೆ ಸೌಕರ್ಯ ಒದಗಿಸದೆ ಹೊಸ ಪ್ರವೇಶಕ್ಕೆ ಕೇಂದ್ರ ತಡೆ ಹಾಕಿದರೆ, ಅದಾಗಲೇ ಸೇರಿದ ವಿದ್ಯಾರ್ಥಿಗಳ ಹೊಣೆ ರಾಜ್ಯದ್ದು. ಹೊಲ ಅಡವಿಟ್ಟು ಮಗಳ ಶುಲ್ಕ ಕಟ್ಟುವ ತಂದೆತಾಯಿಗೆ ಇಂಥದೊಂದು ವಾಕ್ಯ ಇರುವುದೇ ತಿಳಿದಿರುವುದಿಲ್ಲ. ಕಾಲೇಜು ಮುಚ್ಚಿದ ದಿನ ಅವರು ಹಿಡಿದುಕೊಳ್ಳಬಹುದಾದ ಗಟ್ಟಿ ಆಧಾರ ಬಹುಮಟ್ಟಿಗೆ ಅದೊಂದೇ.

ಈ ಆಧಾರವೂ ಮೊದಲಿನಿಂದ ಇದ್ದದ್ದಲ್ಲ. 1956ರ ಭಾರತೀಯ ವೈದ್ಯಕೀಯ ಮಂಡಳಿ ಕಾಯ್ದೆಯ ಗಮನವೆಲ್ಲ ಪದವಿಯ ಮಾನ್ಯತೆಯ ಮೇಲಿತ್ತು. ಖಾಸಗಿ ಕಾಲೇಜುಗಳ ಕ್ಯಾಪಿಟೇಷನ್ ಹಾವಳಿ ಕಂಡ ಕರ್ನಾಟಕ 1984ರಲ್ಲಿ ಅದನ್ನು ನಿಷೇಧಿಸುವ ಕಾಯ್ದೆ ತಂದಿತು. ಆದರೆ ಅದು ಹಣದ ವಸೂಲಿಗೆ ಹಾಕಿದ ಕಡಿವಾಣ, ಮುಚ್ಚಿದ ಕಾಲೇಜಿನ ಮಕ್ಕಳಿಗೆ ಆಸರೆಯಲ್ಲ. ಅನುಮತಿಯಿಲ್ಲದೆ ಶುರುವಾಗಿದ್ದ ಆಂಧ್ರಪ್ರದೇಶದ ಕಾಲೇಜೊಂದರ ವಿದ್ಯಾರ್ಥಿಗಳು ಪರೀಕ್ಷೆ ಬರೆಯಲು ಅವಕಾಶ ಕೇಳಿದಾಗ, 1986ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಕನಿಕರದಿಂದ ಕಾನೂನನ್ನು ಮುರಿಯಲಾಗದು ಎಂಬುದು ಅದರ ನಿಲುವು.

ಕಾಯ್ದೆಗೆ 1993ರಲ್ಲಿ ಬಂದ ತಿದ್ದುಪಡಿ 10ಎ ಕಲಮನ್ನು ಸೇರಿಸಿತು. ಅದರಂತೆ ಕೇಂದ್ರದ ಪೂರ್ವಾನುಮತಿ ಇಲ್ಲದೆ ಕಾಲೇಜು ತೆರೆಯುವಂತಿರಲಿಲ್ಲ, ಸೀಟು ಹೆಚ್ಚಿಸುವಂತಿರಲಿಲ್ಲ. ಹಾಗೆ ತೆರೆದ ಕಾಲೇಜಿನ ಪದವಿಗೆ ಮಾನ್ಯತೆಯೂ ಇರಲಿಲ್ಲ. ವೈದ್ಯಕೀಯ ಮಂಡಳಿಯ 1999ರ ನಿಯಮಾವಳಿಯಲ್ಲಿ ಅನುಮತಿಯ ವಾರ್ಷಿಕ ನವೀಕರಣ, ಬ್ಯಾಂಕ್ ಖಾತರಿ, ರಾಜ್ಯದ ಆ ವಾಗ್ದಾನ ಎಲ್ಲಕ್ಕೂ ಜಾಗವಿತ್ತು. ಆದರೆ ನವೀಕರಣ ತಪ್ಪಿದರೆ ಮೊದಲ ಪೆಟ್ಟು ಬೀಳುವುದು ಮಾತ್ರ ತರಗತಿಯಲ್ಲಿ ಕೂತವರಿಗೆ.

ಆ ವಾಗ್ದಾನಕ್ಕೆ ದೊಡ್ಡ ಪರೀಕ್ಷೆ ಎದುರಾದದ್ದು ಪಂಜಾಬಿನಲ್ಲಿ. ಹಣದ ಮುಗ್ಗಟ್ಟಿನಿಂದ ಸಿಬ್ಬಂದಿಗೆ ಸಂಬಳ ನಿಂತು, ಬನೂರಿನ ಗಿಯಾನ್ ಸಾಗರ್ ಕಾಲೇಜು 2017ರಲ್ಲಿ ಮುಚ್ಚಿತು. ಅಲ್ಲಿನ ವಿದ್ಯಾರ್ಥಿಗಳನ್ನು ರಾಜ್ಯದ ಬೇರೆ ಕಾಲೇಜುಗಳಿಗೆ ಹಂಚಲಾಯಿತು. ಪಠಾಣ್‌ಕೋಟ್‌ನ ಚಿಂತಪೂರ್ಣಿ ಕಾಲೇಜಿನ ಪ್ರಕರಣ 2018ರಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ಒಮ್ಮೆ ಕೊಟ್ಟ ಅಗತ್ಯತಾ ಪತ್ರವನ್ನು ರಾಜ್ಯ ಮನಬಂದಂತೆ ಹಿಂಪಡೆಯಲಾಗದು, ಆದರೆ ಅದಕ್ಕೆ ಆಧಾರವಾಗಿದ್ದ ಸ್ಥಿತಿಯೇ ಇಲ್ಲವಾದರೆ ಹಿಂಪಡೆಯಬಹುದು ಎಂದಿತು ನ್ಯಾಯಾಲಯ. ಜಬಲ್ಪುರದ ಸುಖ್ ಸಾಗರ್ ಕಾಲೇಜಿನ ವಿಷಯದಲ್ಲಿ 2020ರಲ್ಲೂ ಅದೇ ದಾರಿ ಹಿಡಿಯಿತು.

ಪ್ರವೇಶವೇ ಅಕ್ರಮವಾದರೆ ಲೆಕ್ಕ ಬೇರೆ. ಹೈಕೋರ್ಟಿನ ಮಧ್ಯಂತರ ಆದೇಶದ ಬಲದಲ್ಲಿ ಪ್ರವೇಶ ಕೊಟ್ಟ ಲಖನೌದ ಕಾಲೇಜೊಂದಕ್ಕೆ, ಶುಲ್ಕ ಮರಳಿಸುವುದರ ಜೊತೆಗೆ ಪ್ರತಿ ವಿದ್ಯಾರ್ಥಿಗೂ 10 ಲಕ್ಷ ರೂಪಾಯಿ ಪರಿಹಾರ ಕೊಡುವಂತೆ 2017ರಲ್ಲಿ ಸುಪ್ರೀಂ ಕೋರ್ಟ್ ಆದೇಶಿಸಿತು. ಸೀಟು ಮಾತ್ರ ಉಳಿಯಲಿಲ್ಲ. ಕೇರಳದ ಎರಡು ಕಾಲೇಜುಗಳ 180 ವಿದ್ಯಾರ್ಥಿಗಳ ಪ್ರವೇಶ ಸಕ್ರಮಗೊಳಿಸಲು ರಾಜ್ಯ ತಂದ ಸುಗ್ರೀವಾಜ್ಞೆಯನ್ನು 2018ರಲ್ಲಿ ಅದು ರದ್ದುಮಾಡಿತು. ಉನ್ನಾವ್‌ನ ಕಾಲೇಜೊಂದು ತಾನಾಗಿ ಸೇರಿಸಿಕೊಂಡಿದ್ದ 132 ಮಂದಿಗೆ 2021ರಲ್ಲಿ ಓದು ಮುಂದುವರಿಸಲು ಬಿಟ್ಟರೂ, ಓದು ಮುಗಿದ ಮೇಲೆ ಎರಡು ವರ್ಷ ಸಮುದಾಯ ಸೇವೆ ಮಾಡಬೇಕೆಂಬ ಷರತ್ತು ಹಾಕಿತು. ಕಾಲೇಜು 5 ಕೋಟಿ ರೂಪಾಯಿ ಠೇವಣಿ ಇಡಬೇಕಾಯಿತು. ಒಂದೇ ಬಗೆಯ ತಪ್ಪಿಗೆ ಒಂದು ಕಡೆ ಪದವಿಯೇ ಕೈತಪ್ಪಿದರೆ, ಇನ್ನೊಂದು ಕಡೆ ಷರತ್ತಿನ ಮೇಲೆ ಉಳಿಯಿತು.

ಹಳೆಯ ಮಂಡಳಿಯ ಜಾಗಕ್ಕೆ 2020ರ ಸೆಪ್ಟೆಂಬರ್‌ನಲ್ಲಿ ರಾಷ್ಟ್ರೀಯ ವೈದ್ಯಕೀಯ ಆಯೋಗ ಬಂತು. ಅದು 2022ರಲ್ಲಿ ತೆಲಂಗಾಣದ ಮೂರು ಖಾಸಗಿ ಕಾಲೇಜುಗಳ ಅನುಮತಿ ಹಿಂಪಡೆದಾಗ, ವಿದ್ಯಾರ್ಥಿಗಳು ಬೇರೆ ಕಾಲೇಜು ಸೇರಲು ತಿಂಗಳುಗಟ್ಟಲೆ ಕಾಯಬೇಕಾಯಿತು. 2026ರ ಜನವರಿಯಲ್ಲಿ ಜಮ್ಮುವಿನ ಶ್ರೀ ಮಾತಾ ವೈಷ್ಣೋದೇವಿ ವೈದ್ಯಕೀಯ ಸಂಸ್ಥೆಯ 50 ಸೀಟುಗಳ ಅನುಮತಿ ಹಿಂತೆಗೆದ ಆದೇಶದಲ್ಲೇ, ಸೇರಿದವರಿಗೆ ಆ ಪ್ರದೇಶದ ಬೇರೆ ಕಾಲೇಜುಗಳಲ್ಲಿ ಹೆಚ್ಚುವರಿ ಸೀಟು ಕೊಡಬೇಕೆಂದೂ ಹೇಳಲಾಯಿತು. ಇದು ಸರಿಯಾದ ದಿಕ್ಕಿನ ಹೆಜ್ಜೆ.

ನಲವತ್ತು ವರ್ಷಗಳ ಈ ದಾರಿಯಲ್ಲಿ ನಾವು ಕನಿಕರದಿಂದ ವಾಗ್ದಾನಕ್ಕೆ ಬಂದಿದ್ದೇವೆ. ಹಕ್ಕಿಗೆ ಇನ್ನೂ ಬಂದಿಲ್ಲ. ಎಷ್ಟು ದಿನದೊಳಗೆ ಬೇರೆ ಸೀಟು ಸಿಗಬೇಕು, ಶುಲ್ಕದ ವ್ಯತ್ಯಾಸ ಯಾರು ಭರಿಸಬೇಕು, ಕಳೆದ ಹಾಜರಾತಿಯ ಗತಿಯೇನು ಎಂಬುದನ್ನೆಲ್ಲ ಕಾಯ್ದೆಯಲ್ಲೇ ಬರೆಯಬೇಕು. ಕಾಲೇಜು ಇಟ್ಟ ಖಾತರಿ ಹಣದ ಮೇಲೆ ಮೊದಲ ಹಕ್ಕು ವಿದ್ಯಾರ್ಥಿಯದಾಗಬೇಕು. ಅಲ್ಲಿಯವರೆಗೆ ಪೋಷಕರಲ್ಲಿ ಒಂದು ವಿನಂತಿ: ಶುಲ್ಕ ಕಟ್ಟುವ ಮೊದಲು ಆ ವರ್ಷದ ಅನುಮತಿಯನ್ನು ಆಯೋಗದ ಪಟ್ಟಿಯಲ್ಲಿ ನೋಡಿಕೊಳ್ಳಿ, ಅಧಿಕೃತ ಕೌನ್ಸೆಲಿಂಗ್ ಮೂಲಕವೇ ಸೇರಿ, ಹಂಚಿಕೆ ಪತ್ರ ಮತ್ತು ಪ್ರತಿ ರಸೀದಿಯನ್ನು ಜೋಪಾನ ಮಾಡಿ. ಬೀಗ ಬಿದ್ದ ದಿನ ನಿಮ್ಮ ಪರವಾಗಿ ಮಾತಾಡುವುದು ಆ ಕಾಗದಗಳೇ.