ಮೂರು ಮತಗಳ ಹಾಡು

1974ರ ಏಪ್ರಿಲ್ 6ರ ಶನಿವಾರ ರಾತ್ರಿ ಇಂಗ್ಲೆಂಡಿನ ಕಡಲದಂಡೆಯ ಬ್ರೈಟನ್ ಪಟ್ಟಣದಲ್ಲಿ ಹದಿನೇಳು ದೇಶಗಳ ಗಾಯಕರು ಒಂದೇ ರಂಗಸ್ಥಳದ ಮೇಲೆ ಸರದಿಯಾಗಿ ನಿಂತು ಹಾಡಿದರು. ಯೂರೋಪಿನ ಪ್ರಸಾರ ಸಂಸ್ಥೆಗಳು ಒಟ್ಟಾಗಿ ವರ್ಷಕ್ಕೊಮ್ಮೆ ನಡೆಸುವ ಯೂರೋವಿಷನ್ ಗೀತಸ್ಪರ್ಧೆ ಅದು. ಅಂದು ಗೆದ್ದವರು ಸ್ವೀಡನ್ನಿನ ‘ಅಬಾ’ ತಂಡದವರು. ಅವರ ಮುಂದಿನ ಕೀರ್ತಿಯ ಕಥೆ ಎಲ್ಲರಿಗೂ ತಿಳಿದದ್ದೇ. ನಾನು ಹೇಳಹೊರಟಿರುವುದು ಆ ರಾತ್ರಿ ಪಟ್ಟಿಯ ಕೊನೆಯಲ್ಲಿ ಉಳಿದುಹೋದ ಒಂದು ಹಾಡಿನ ಸಂಗತಿ. ಆ ವರ್ಷದ ನಿಯಮದಂತೆ ಪ್ರತಿಯೊಂದು ದೇಶಕ್ಕೂ ಹತ್ತು ಮಂದಿ ತೀರ್ಪುಗಾರರು. ಒಬ್ಬೊಬ್ಬರಿಗೂ ಒಂದೊಂದೇ ಮತ. ತಮ್ಮ ದೇಶದ ಹಾಡಿಗೆ ಅದನ್ನು ಹಾಕುವಂತಿಲ್ಲ. ಹಾಗಾಗಿ ಪೋರ್ಚುಗಲ್ಲಿನ ಹಾಡನ್ನು ತೂಗಿದವರು ನೂರ ಅರವತ್ತು ಮಂದಿ. ಅವರಲ್ಲಿ ಅದನ್ನು ಮೆಚ್ಚಿ ಮತವಿತ್ತವರು ಮೂವರು.

ಹಾಡಿನ ಹೆಸರು ‘ಇ ದೆಪೊಯ್ಸ್ ದು ಅದೇವುಸ್’, ಎಂದರೆ ‘ವಿದಾಯದ ಬಳಿಕ’. ಹಾಡಿದವರು ಪಾವ್ಲೊ ದ ಕರ್ವಾಲ್ಯೊ. ಅಲ್ಲಿಂದ ಹದಿನೆಂಟು ದಿನಗಳ ಮೇಲೆ ಇದೇ ಹಾಡು ಲಿಸ್ಬನ್ನಿನ ಒಂದು ಬಾನುಲಿ ಕೇಂದ್ರದಿಂದ ಕೇಳಿಬಂದಾಗ, ನಾಲ್ವತ್ತೆಂಟು ವರ್ಷಗಳ ನಿರಂಕುಶ ಪ್ರಭುತ್ವವೊಂದರ ಕೊನೆಯ ರಾತ್ರಿ ಆರಂಭವಾಯಿತು. ಇದನ್ನು ಹೇಳುವವರು ಸಾಮಾನ್ಯವಾಗಿ ‘ಸರಕಾರವನ್ನು ಉರುಳಿಸಿದ ಹಾಡು’ ಎಂದು ಬಣ್ಣಿಸುವುದುಂಟು. ಕೇಳಲು ಸೊಗಸಾದ ಮಾತು. ಆದರೆ ನಡೆದದ್ದು ಅದಲ್ಲ. ನಡೆದದ್ದು ಅದಕ್ಕಿಂತ ವಿಚಿತ್ರವಾದದ್ದು.

ಪೋರ್ಚುಗಲ್ ಎಂದೊಡನೆ ನಮ್ಮ ಮನಸ್ಸು ಕಾರವಾರದಾಚೆಯ ಗೋವೆಗೆ ಹೋಗುತ್ತದೆ. ಆ ದೇಶ ಈ ಸ್ಪರ್ಧೆಗೆ ಮೊದಲು ಕಾಲಿಟ್ಟದ್ದು 1964ರಲ್ಲಿ. ಗೋವೆ ಅದರ ಕೈಬಿಟ್ಟು ಎರಡು ವರ್ಷಗಳ ಮೇಲೆ ಕೆಲವು ತಿಂಗಳು ಆಗಿತ್ತಷ್ಟೆ. ಸರ್ವಾಧಿಕಾರಿ ಸಲಾಜಾರ್ ಆ ನಷ್ಟವನ್ನು ಒಪ್ಪಿಕೊಂಡಿರಲಿಲ್ಲ. ಅಂಗೋಲ, ಗಿನಿ, ಮೊಜಾಂಬಿಕ್ ಇವುಗಳನ್ನು ಬಿಡಲಾರೆನೆಂದು ಆಫ್ರಿಕದಲ್ಲಿ ಯುದ್ಧ ಹೂಡಿದ್ದ. ಅದೇ ಹೊತ್ತಿನಲ್ಲಿ, ಆಗಿನ್ನೂ ಏಳು ವರ್ಷದ ಕೂಸಾಗಿದ್ದ ಪೋರ್ಚುಗಲ್ಲಿನ ದೂರದರ್ಶನ, ಕೋಪನ್‌ಹೇಗನ್ನಿಗೆ ಅಂತೋನಿಯೊ ಕಲ್ವಾರಿಯೊ ಎಂಬ ಗಾಯಕರನ್ನು ಕಳುಹಿಸಿತು. ಹಾಡಿನ ಹೆಸರು ‘ಪ್ರಾರ್ಥನೆ’. ದೇವರ ಮಾತಿರಲಿ, ತೀರ್ಪುಗಾರರೂ ಅದಕ್ಕೆ ಓಗೊಡಲಿಲ್ಲ; ಬಂದ ಅಂಕ ಸೊನ್ನೆ. ಆ ಸಂಜೆ ಸ್ಪರ್ಧೆಯ ನಡುವೆಯೇ ಒಬ್ಬಾತ ರಂಗದ ಮೇಲೆ ನುಗ್ಗಿ, ಸ್ಪೇನಿನ ಫ್ರಾಂಕೊನನ್ನೂ ಪೋರ್ಚುಗಲ್ಲಿನ ಸಲಾಜಾರನನ್ನೂ ಬಹಿಷ್ಕರಿಸಿರೆಂಬ ಫಲಕವನ್ನು ಎತ್ತಿ ಹಿಡಿದ. ಅವನನ್ನು ಹೊರಗೆ ಎಳೆದೊಯ್ಯುವಷ್ಟು ಹೊತ್ತು ಕ್ಯಾಮೆರಾ ಅಂಕಫಲಕದ ಕಡೆಗೆ ಮುಖ ತಿರುಗಿಸಿಕೊಂಡಿತು. ಹಾಡಿನ ಸ್ಪರ್ಧೆಗೂ ರಾಜಕಾರಣಕ್ಕೂ ಸಂಬಂಧವಿಲ್ಲವೆಂಬ ನಂಬಿಕೆ ಪೋರ್ಚುಗಲ್ಲಿನ ಮಟ್ಟಿಗೆ ಮೊದಲ ದಿನವೇ ಮುರಿದುಬಿತ್ತು.

1967ರಲ್ಲಿ ವಿಯೆನ್ನಾಕ್ಕೆ ಹೋದವರು ಅಂಗೋಲದಲ್ಲಿ ಹುಟ್ಟಿದ ಎದುವಾರ್ದೊ ನಸಿಮೆಂತೊ. ಆ ವೇದಿಕೆಯಲ್ಲಿ ಹಾಡಿದ ಮೊದಲ ಕಪ್ಪು ವರ್ಣದ ಪುರುಷಗಾಯಕ ಅವರೇ. ಪೋರ್ಚುಗಲ್ಲಿಗೆ ವಸಾಹತುಗಳೇ ಇಲ್ಲ, ಅದು ಹಲವು ಖಂಡಗಳಲ್ಲಿ ಹರಡಿನಿಂತ ಒಂದೇ ದೇಶ ಎಂಬುದು ಪ್ರಭುತ್ವದ ವಾದವಾಗಿತ್ತು. ಆ ವಾದಕ್ಕೆ ಇದಕ್ಕಿಂತ ಒಪ್ಪುವ ಚಿತ್ರ ಸಿಗುತ್ತಿರಲಿಲ್ಲ. ಆದರೆ ಅವರು ಹಾಡಿದ ಹಾಡಿನ ಹೆಸರು ‘ಗಾಳಿ ತಿರುಗಿತು’! ಅದಕ್ಕೆ ಏಳು ವರ್ಷ ಮೊದಲು ಬ್ರಿಟನ್ನಿನ ಪ್ರಧಾನಿ ಮ್ಯಾಕ್‌ಮಿಲನ್ ಆಫ್ರಿಕದಲ್ಲಿ ಬೀಸುತ್ತಿರುವ ಬದಲಾವಣೆಯ ಗಾಳಿಯ ವಿಚಾರವಾಗಿ ಕೇಪ್‌ಟೌನಿನಲ್ಲಿ ಮಾಡಿದ ಭಾಷಣ ಲೋಕಪ್ರಸಿದ್ಧವಾಗಿತ್ತು. ಹಾಡು ಬರಿಯ ಪ್ರೇಮಗೀತೆ, ನಿಜ. ಆದರೂ ಹೆಸರನ್ನು ಓದಿ ಒಳಗೊಳಗೇ ನಕ್ಕವರು ಲಿಸ್ಬನ್ನಿನಲ್ಲಿ ಇದ್ದಿರಲಾರರೆ?

ಆ ದೇಶದ ಸೆನ್ಸಾರು ಅಧಿಕಾರಿಗಳ ಕೈಯಲ್ಲಿ ನೀಲಿ ಪೆನ್ಸಿಲೊಂದು ಇರುತ್ತಿತ್ತು. ‘ನೀಲಿ ಪೆನ್ಸಿಲ್’ ಎಂಬುದೇ ಅಲ್ಲಿ ಸೆನ್ಸಾರಿಗೆ ಪರ್ಯಾಯಪದ. ಪತ್ರಿಕೆ, ನಾಟಕ, ಪುಸ್ತಕ, ಹಾಡು ಯಾವುದೂ ಅದರ ಗೀಟನ್ನು ತಪ್ಪಿಸಿಕೊಳ್ಳುವಂತಿರಲಿಲ್ಲ. ಇಂಥ ಕಡೆ ಕವಿಗೆ ಉಳಿಯುವ ದಾರಿ ಯಾವುದೆಂಬುದನ್ನು ನಮ್ಮ ಆಲಂಕಾರಿಕರು ಬಹಳ ಹಿಂದೆಯೇ ಹೆಸರಿಟ್ಟು ಹೇಳಿದ್ದಾರೆ: ಒಂದನ್ನು ಹೇಳಿ ಇನ್ನೊಂದನ್ನು ತಿಳಿಸುವ ಅನ್ಯೋಕ್ತಿ. ಪೋರ್ಚುಗಲ್ಲಿನ ಸ್ಪರ್ಧಾಗೀತೆಗಳಲ್ಲಿ ಇದನ್ನು ಕೈವಶಮಾಡಿಕೊಂಡ ಕವಿ ಜೋಸೆ ಕಾರ್ಲೋಸ್ ಆರಿ ದೋಸ್ ಸಾಂತೋಸ್. 1969ರಲ್ಲಿ ಸಿಮೋನ್ ದ ಒಲಿವೇರ ಹಾಡಿದ ‘ದೆಸ್‌ಫೊಲ್ಯಾದ’ ಅವರ ರಚನೆ. ಜೋಳದ ತೆನೆಯ ಸಿಪ್ಪೆ ಸುಲಿಯುವ ಸುಗ್ಗಿಯ ಸಂದರ್ಭವನ್ನು ಹಿನ್ನೆಲೆಯಾಗಿಟ್ಟುಕೊಂಡ ಆ ಗೀತೆಯಲ್ಲಿ, ಮಗುವನ್ನು ಪಡೆಯುವ ಹೆಣ್ಣಿಗೂ ಸುಖವೆಂಬುದೊಂದು ಉಂಟೆಂದು ಸೂಚಿಸುವ ಒಂದು ಸಾಲಿತ್ತು. ಹೆಂಗಸೊಬ್ಬಳು ಅದನ್ನು ದೂರದರ್ಶನದಲ್ಲಿ ಗಂಟಲೆತ್ತಿ ಹಾಡಿದಳೆಂದು ಮಡಿವಂತರು ಹೌಹಾರಿದರು. ಮ್ಯಾಡ್ರಿಡ್ಡಿನಲ್ಲಿ ಆ ಹಾಡಿಗೆ ಸಿಕ್ಕಿದ್ದು ನಾಲ್ಕೇ ಅಂಕ. ಹದಿನಾರರಲ್ಲಿ ಹದಿನೈದನೆಯ ಸ್ಥಾನ. ಸೋತು ಬಂದ ಗಾಯಕಿಯನ್ನು ಲಿಸ್ಬನ್ನಿನ ರೈಲುನಿಲ್ದಾಣದಲ್ಲಿ ದೊಡ್ಡ ಜನಸಂದಣಿ ಎದುರುಗೊಂಡಿತು. ಹೊರಗಿನವರು ಕೊಡದ ಮತವನ್ನು ಊರಿನವರು ಕೊಟ್ಟರೆನ್ನಬೇಕು.

ಆರಿ ದೋಸ್ ಸಾಂತೋಸರು ಅದಕ್ಕೂ ಮೀರಿದ ಸಾಹಸ ಮಾಡಿದ್ದು 1973ರಲ್ಲಿ, ಫೆರ್ನಾಂದೊ ತೊರ್ದೊ ಹಾಡಿದ ‘ಗೂಳಿಕಾಳಗ’ದಲ್ಲಿ. ಅಂಗಣದೊಳಗೆ ಗೂಳಿ, ಸುತ್ತ ಬಗೆಬಗೆಯ ವೇಷದ ಜನ, ನಡುವೆ ಕೊಡುಕೊಳ್ಳುವ ವ್ಯವಹಾರ: ಮೇಲುನೋಟಕ್ಕೆ ಪೋರ್ಚುಗಲ್ಲಿನ ಜನಪ್ರಿಯ ಕ್ರೀಡೆಯ ವರ್ಣನೆ. ಆದರೆ ಆ ಅಂಗಣ ದೇಶವೇ ಎಂಬುದನ್ನೂ, ವೇಷಧಾರಿಗಳು ಯಾರು ಯಾರೆಂಬುದನ್ನೂ ಕೇಳಿದವರು ಬಲ್ಲರು. ನೀಲಿ ಪೆನ್ಸಿಲು ಅದನ್ನು ಹೇಗೆ ಬಿಟ್ಟಿತೆಂದು ಆಶ್ಚರ್ಯಪಡುವವರಿದ್ದಾರೆ. ನನಗೇನೋ ಅಷ್ಟು ಆಶ್ಚರ್ಯವಾಗುವುದಿಲ್ಲ. ಸೆನ್ಸಾರಿನವನು ಪದಗಳನ್ನು ನೋಡುತ್ತಾನೆ. ಅರ್ಥ ಅವನ ಕಣ್ಣಿಗೆ ಬೀಳುವುದು ಜನ ನಗಲು ತೊಡಗಿದ ಮೇಲೆಯೇ.

ಇಂಥ ಹಾಡುಗಳ ಸಾಲಿನಲ್ಲಿ ‘ವಿದಾಯದ ಬಳಿಕ’ ತೀರ ಸಾಧು. ಬೇರೆಯಾದ ಪ್ರೇಮಿಗಳಲ್ಲಿ ಒಬ್ಬನ ಅಳಲು. ಜೋಸೆ ಕಲ್ವಾರಿಯೊ ಅದಕ್ಕೆ ಕೂಡಿಸಿದ್ದು ಏರಿ ಏರಿ ಹೋಗುವ, ವಾದ್ಯಗೋಷ್ಠಿಯ ವೈಭವವುಳ್ಳ ಧಾಟಿ. ಸಾಹಿತ್ಯ ಜೋಸೆ ನೀಜಾ ಅವರದು. ಅವರು ವೈದ್ಯರು, ಅಂಗೋಲದ ಯುದ್ಧರಂಗದಿಂದ ಹೆಂಡತಿಗೆ ಬರೆದ ಕಾಗದಗಳ ಮಾತುಗಳೇ ಈ ಹಾಡಿಗೆ ಇಳಿದುಬಂದವೆಂದು ಹೇಳುತ್ತಾರೆ. ಹಾಗಿದ್ದರೆ ಆ ಅಗಲಿಕೆಯ ಹಿಂದೆ ಯುದ್ಧದ ನೆರಳು ಇದ್ದೇ ಇತ್ತು. ಕೇಳುವವರಿಗೆ ಮಾತ್ರ ಅದು ಕಾಣಿಸುತ್ತಿರಲಿಲ್ಲ. ಮಾರ್ಚ್ 7ರಂದು ಲಿಸ್ಬನ್ನಿನಲ್ಲಿ ಈ ಹಾಡು ಆಯ್ಕೆಯಾಯಿತು. ಮಾರ್ಚ್ 16ರಂದು ಕಾಲ್ದಾಸ್ ದ ರೈಞ ಎಂಬ ಊರಿನ ಸೇನಾದಳವೊಂದು ಬಂಡೆದ್ದು ರಾಜಧಾನಿಯತ್ತ ಹೊರಟು ವಿಫಲವಾಯಿತು. ಸಲಾಜಾರನ ಉತ್ತರಾಧಿಕಾರಿ ಮಾರ್ಸೆಲೊ ಕೈತಾನೊ ಇನ್ನು ಗಂಡಾಂತರ ಕಳೆಯಿತೆಂದು ಭಾವಿಸಿರಬಹುದು. ಬೂದಿಯೊಳಗಿನ ಕೆಂಡ ಆರಿರಲಿಲ್ಲ. ಗೆಲ್ಲಲಾಗದ ಯುದ್ಧದಿಂದ ಬೇಸತ್ತ ಕಿರಿಯ ಸೇನಾಧಿಕಾರಿಗಳು ಮತ್ತೊಮ್ಮೆ ಕೂಡಿಕೊಂಡರು. ಯೋಜನೆಯ ಹೊಣೆ ಹೊತ್ತವನು ಒತೇಲೊ ಸರೈವ ದ ಕರ್ವಾಲ್ಯೊ.

ಬೇರೆ ಬೇರೆ ಊರುಗಳ ಸೇನಾಶಿಬಿರಗಳು ಒಂದೇ ಗಳಿಗೆಯಲ್ಲಿ ಹೊರಡಬೇಕು. ಅವಕ್ಕೆಲ್ಲ ಸೂಚನೆ ಮುಟ್ಟಿಸುವುದು ಹೇಗೆ? ದೂರವಾಣಿಗೆ ಗುಪ್ತಪೊಲೀಸರ ಕಿವಿ. ಉಳಿದದ್ದು ಬಾನುಲಿ. ಮೊದಲು ಅವರು ಯೋಚಿಸಿದ್ದು ವಿರೋಧಗೀತೆಗಳಿಗೆ ಹೆಸರಾದ ಜೋಸೆ ಅಫೋನ್ಸೊ ಅವರ ಹಾಡೊಂದನ್ನು. ಆದರೆ ಅಂಥ ಹಾಡು ಇದ್ದಕ್ಕಿದ್ದಂತೆ ಕೇಳಿಬಂದರೆ ಬೇಹಿನವರ ಕಿವಿ ನೆಟ್ಟಗಾಗದೆ ಇರುತ್ತದೆಯೆ? ಲಿಸ್ಬನ್ನಿನ ‘ಎಮಿಸ್ಸೋರೆಸ್ ಅಸೋಸಿಯಾದೋಸ್’ ಕೇಂದ್ರದಲ್ಲಿ ಉದ್ಘೋಷಕರಾಗಿದ್ದ ಜೊವಾವ್ ಪಾವ್ಲೊ ದಿನಿಸ್ ಹಿಂದೆ ಗಿನಿಯಲ್ಲಿ ಒತೇಲೊನ ಕೈಕೆಳಗೆ ಸೈನ್ಯದಲ್ಲಿದ್ದವರು. ಅವರು ಸೂಚಿಸಿದ್ದು, ಬ್ರೈಟನ್ನಿನಲ್ಲಿ ಮೂರು ಮತ ಗಳಿಸಿ ಬಂದ ಹಾಡನ್ನು. ಆ ವಾರಗಳಲ್ಲಿ ಎಲ್ಲ ಕೇಂದ್ರಗಳಿಂದಲೂ ಕೇಳಿಬರುತ್ತಿದ್ದ ಹಾಡು. ಇನ್ನೊಂದು ಸಲ ಕೇಳಿಸಿದರೆ ಯಾರೂ ತಲೆಯೆತ್ತಿಯೂ ನೋಡುವುದಿಲ್ಲ.

ಏಪ್ರಿಲ್ 24ರ ರಾತ್ರಿ ಹನ್ನೊಂದಕ್ಕೆ ಐದು ನಿಮಿಷವಿರುವಾಗ ದಿನಿಸ್ ಗಂಟೆ ಹೇಳಿ, ಹಾಡಿನ ಹೆಸರು ಹೇಳಿ, ತಟ್ಟೆ ಹಾಕಿದರು. ಸಿದ್ಧರಾಗಿರಿ ಎಂಬುದು ಅದರ ಅರ್ಥ. ಆ ಅರ್ಥ ಹಾಡಿನಲ್ಲಿ ಎಲ್ಲಿಯೂ ಇರಲಿಲ್ಲ. ಅನ್ಯೋಕ್ತಿಯಲ್ಲಿ ಹೇಳಿದ ಮಾತಿಗೂ ಹೇಳದ ಮಾತಿಗೂ ಒಂದು ಹೋಲಿಕೆಯಾದರೂ ಇರುತ್ತದೆ. ಜಾಣನಾದ ಸೆನ್ಸಾರಿನವನು ಅದನ್ನು ಹಿಡಿದಾನು. ಇಲ್ಲಿ ಹಿಡಿಯಲು ಏನೂ ಇಲ್ಲ. ಇಂಥ ಶಬ್ದಕ್ಕೆ ಇಂಥ ಅರ್ಥವೆಂದು ನಾಲ್ಕು ಜನ ಮಾಡಿಕೊಂಡ ಒಪ್ಪಂದ ಮಾತ್ರ. ಶಾಸ್ತ್ರಕಾರರು ‘ಸಂಕೇತ’ವೆನ್ನುವುದು ಅದನ್ನೇ. ಹಾಡಿದವರಿಗೂ ಇದರ ಸುಳಿವಿರಲಿಲ್ಲ. ಪ್ರಭುತ್ವ ಅರ್ಧ ಶತಮಾನ ಅಂಜಿದ್ದು ಅರ್ಥವಿದ್ದ ಹಾಡುಗಳಿಗೆ. ಅದರ ಕಣ್ಣುತಪ್ಪಿಸಿದ್ದು ಯಾವ ಗೂಢಾರ್ಥವೂ ಇಲ್ಲದ ಹಾಡು. ದೂರದರ್ಶನದ ಸ್ಪರ್ಧೆಗೆಂದು ಕಟ್ಟಿದ ಹಾಡು ತನ್ನ ನಿಜವಾದ ಕೆಲಸವನ್ನು ಬಾನುಲಿಯಲ್ಲಿ ಮಾಡಿತೆಂಬುದೂ ಈ ಮೈಕಿನ ಮುಂದೆ ಕುಳಿತವನಿಗೆ ಸಣ್ಣ ಸಂತೋಷದ ವಿಷಯವಲ್ಲ.

ಆ ಕೇಂದ್ರದ ಧ್ವನಿ ಲಿಸ್ಬನ್ನಿನ ಸುತ್ತಮುತ್ತಲಿಗಷ್ಟೆ ಮುಟ್ಟುತ್ತಿತ್ತು. ಆದುದರಿಂದ ದೇಶಕ್ಕೆಲ್ಲ ಕೇಳುವ ಎರಡನೆಯ ಸೂಚನೆ ಬೇಕಾಯಿತು. ಮಧ್ಯರಾತ್ರಿ ಕಳೆದು ಇಪ್ಪತ್ತು ನಿಮಿಷಕ್ಕೆ ‘ರಾದಿಯೊ ರೆನಸೆನ್ಸ’ದಿಂದ ಜೋಸೆ ಅಫೋನ್ಸೊ ಅವರ ‘ಗ್ರಾಂದೊಲ’ ಕೇಳಿಬಂತು. ಜಲ್ಲಿಯ ಮೇಲೆ ನಡೆಯುವ ಹೆಜ್ಜೆಸಪ್ಪಳದೊಡನೆ ಆರಂಭವಾಗುವ ಹಾಡು ಅದು. ಹೊರಡಿರಿ ಎಂಬುದು ಅದರ ಅರ್ಥ. ಆ ಕೇಂದ್ರ ಕ್ಯಾಥೊಲಿಕ್ ಚರ್ಚಿಗೆ ಸೇರಿದ್ದು. ಮರುದಿನದ ಕಥೆ ಪ್ರಸಿದ್ಧವಾದದ್ದು: ಮನೆಯಲ್ಲೇ ಇರಿ ಎಂದು ಬಾನುಲಿ ಹೇಳುತ್ತಿದ್ದರೂ ಬೀದಿಗಿಳಿದ ಜನ, ಬಂದೂಕಿನ ತುದಿಗೆ ಸಿಕ್ಕಿಸಿದ ಕೆಂಪು ಕಾರ್ನೇಷನ್ ಹೂಗಳು, ಕಾರ್ಮೊ ಠಾಣೆಯಲ್ಲಿ ಕೈತಾನೊನ ಶರಣಾಗತಿ. ರಕ್ತವೇ ಹರಿಯಲಿಲ್ಲವೆಂದು ಹೇಳುವುದು ತಪ್ಪು. ರಾಜಕೀಯ ಪೊಲೀಸರ ಗುಂಡಿಗೆ ನಾಲ್ವರು ಬಲಿಯಾದರು. ಅದೇ ವರ್ಷದ ಡಿಸೆಂಬರ್ 31ರಂದು ಹೊಸ ಸರಕಾರ ದೆಹಲಿಯಲ್ಲಿ ಒಪ್ಪಂದಕ್ಕೆ ಸಹಿಹಾಕಿ, ಗೋವೆ ಭಾರತದ್ದೆಂಬುದನ್ನು ಹದಿಮೂರು ವರ್ಷಗಳ ಅನಂತರ ಒಪ್ಪಿಕೊಂಡಿತು.

1975ರ ಸ್ಪರ್ಧೆಗೆ ಪೋರ್ಚುಗಲ್ ಕಳುಹಿಸಿದ್ದು ‘ಬೆಳಗಿನ ಜಾವ’ ಎಂಬ ಹಾಡನ್ನು. ಹಾಡಿದ ದುವಾರ್ತೆ ಮೆಂದೆಸ್ ಕ್ರಾಂತಿಯಲ್ಲಿ ಭಾಗಿಯಾದ ಸೇನಾ ಕ್ಯಾಪ್ಟನ್. ಸ್ಟಾಕ್‌ಹೋಮಿನಲ್ಲಿ ಸಿಕ್ಕಿದ್ದು ಹದಿನಾರನೆಯ ಸ್ಥಾನ. 1976ರಲ್ಲಿ, ದೇಶಭ್ರಷ್ಟನಾಗಿ ವರ್ಷಗಟ್ಟಲೆ ಹೊರಗಿದ್ದು ಮರಳಿದ ಕವಿ ಮಾನುಯೆಲ್ ಅಲೆಗ್ರೆಯ ಕವಿತೆಯನ್ನು ಕಾರ್ಲೋಸ್ ದು ಕಾರ್ಮೊ ಹಾಡಿದರು, ಹನ್ನೆರಡನೆಯ ಸ್ಥಾನ. ಬಾಯಿಬಿಟ್ಟು ಹೇಳುವ ಸ್ವಾತಂತ್ರ್ಯ ಬಂದೊಡನೆ ಹಾಡುಗಳು ತುಸು ಭಾಷಣದ ಕಡೆಗೆ ವಾಲಿದವೆಂದು ನನಗೆ ತೋರುತ್ತದೆ. ‘ಗೂಳಿಕಾಳಗ’ದ ಕಚಗುಳಿ ಅವುಗಳಲ್ಲಿಲ್ಲ. ಹಾಗೆಂದು ಆ ಕಚಗುಳಿಗಾಗಿ ನೀಲಿ ಪೆನ್ಸಿಲು ಮರಳಿ ಬರಲೆಂದು ಯಾರೂ ಬಯಸುವುದಿಲ್ಲ.

ಎರಡು ಸಂಕೇತಗೀತೆಗಳ ಮುಂದಿನ ಬಾಳೂ ಬೇರೆಬೇರೆಯಾಯಿತು. ‘ಗ್ರಾಂದೊಲ’ ಇಂದಿಗೂ ಪ್ರತಿಭಟನೆಯ ಹಾಡು. 2013ರ ಫೆಬ್ರವರಿಯಲ್ಲಿ, ಆರ್ಥಿಕ ಸಂಕಟದ ದಿನಗಳಲ್ಲಿ, ಸಂಸತ್ತಿನ ಗ್ಯಾಲರಿಯಿಂದ ಜನ ಅದನ್ನು ಹಾಡತೊಡಗಿ ಪ್ರಧಾನಿಯ ಭಾಷಣವನ್ನೇ ನಿಲ್ಲಿಸಿದರು. ‘ವಿದಾಯದ ಬಳಿಕ’ವನ್ನು ಹಾಡಿಕೊಂಡು ಮೆರವಣಿಗೆ ಹೊರಡುವವರಿಲ್ಲ. ಅದು ಒಂದು ರಾತ್ರಿಯ ಮಟ್ಟಿಗೆ ಎರವಲು ಪಡೆದ ಅರ್ಥವನ್ನು ಹಿಂದಿರುಗಿಸಿ ಮತ್ತೆ ಪ್ರೇಮಗೀತೆಯಾಗಿದೆ.

ಸ್ಪರ್ಧೆಯಲ್ಲಿ ಮಾತ್ರ ಪೋರ್ಚುಗಲ್ ಸೋಲುತ್ತಲೇ ಹೋಯಿತು. 1996ರಲ್ಲಿ ಓಸ್ಲೊದಲ್ಲಿ ಆರನೆಯ ಸ್ಥಾನ ಸಿಕ್ಕಿದ್ದೇ ದೊಡ್ಡ ಸಂಗತಿ. ಮರುವರ್ಷವೇ ಮತ್ತೆ ಸೊನ್ನೆ. ಇತರರು ಒಬ್ಬೊಬ್ಬರಾಗಿ ಇಂಗ್ಲಿಷಿಗೆ ಹೊರಳಿದ ಮೇಲೂ ಅದು ಬಹುಮಟ್ಟಿಗೆ ತನ್ನ ನುಡಿಯನ್ನು ಬಿಡಲಿಲ್ಲ. ಪೂರ್ತಿ ಇಂಗ್ಲಿಷಿನ ಹಾಡನ್ನು ಅದು ಮೊದಲು ಕಳುಹಿಸಿದ್ದು 2021ರಲ್ಲಿ. ಅದಕ್ಕೆ ಮುನ್ನವೇ, 2017ರ ಮೇ 13ರಂದು ಕೀವ್ ನಗರದಲ್ಲಿ, ಹೃದಯದ ಕಾಯಿಲೆಯಿಂದ ಬಳಲುತ್ತಿದ್ದ ಸಾಲ್ವದೊರ್ ಸೊಬ್ರಾಲ್ ಎಂಬ ಯುವಕ ತನ್ನ ಅಕ್ಕ ಲೂಯಿಸಾ ಬರೆದ ‘ಇಬ್ಬರ ಪಾಲಿಗೂ ಪ್ರೀತಿ’ ಎಂಬರ್ಥದ ಮೆಲುದನಿಯ ಹಾಡನ್ನು ಬೆಳಕಿನ ಅಬ್ಬರವಿಲ್ಲದೆ ಹಾಡಿದ. ಬಂದದ್ದು 758 ಅಂಕ. ಮೊದಲ ಸಲ ಸ್ಪರ್ಧಿಸಿದ ಐವತ್ತಮೂರು ವರ್ಷಗಳ ಮೇಲೆ ಪೋರ್ಚುಗಲ್ ಗೆದ್ದಿತು. ಬಹುಮಾನದ ಹಾಡನ್ನು ಮರಳಿ ಹಾಡುವಾಗ ಆತ ಅಕ್ಕನನ್ನೂ ವೇದಿಕೆಗೆ ಕರೆದುಕೊಂಡ. ಗೆದ್ದವರ ನಾಡಿನಲ್ಲಿ ಮುಂದಿನ ಸ್ಪರ್ಧೆ ನಡೆಯುವುದು ಪದ್ಧತಿ. ಹಾಗೆ 2018ರಲ್ಲಿ ಯೂರೋಪೆಲ್ಲ ಲಿಸ್ಬನ್ನಿಗೆ ಬಂತು. ಅಂತಿಮ ಸುತ್ತಿನಲ್ಲಿ ಇಪ್ಪತ್ತಾರು ಹಾಡುಗಳಿದ್ದವು. ಆತಿಥೇಯರ ಹಾಡು ಇಪ್ಪತ್ತಾರನೆಯದಾಯಿತು.