ಧಾರವಾಡ ಹಿಡಿಯುವ ಪೆಟ್ಟಿಗೆ

ಜಯಸಿಂಗಪುರದಂಥ ಗಡಿ ಊರಿನಲ್ಲಿ ಹಳೆಯ ವಾಲ್ವ್ ರೇಡಿಯೊಗೆ ಬೆಲೆ ಕಟ್ಟುವಾಗ ಮರದ ಪೆಟ್ಟಿಗೆಯ ಹೊಳಪಿಗಿಂತ ಮೊದಲು ನೋಡಬೇಕಾದದ್ದು ಮೀಡಿಯಂ ವೇವ್ ಪಟ್ಟಿಯನ್ನು. 1950ರಲ್ಲಿ ಧಾರವಾಡ, 1963ರಲ್ಲಿ ಸಾಂಗ್ಲಿ ಆಕಾಶವಾಣಿ ಶುರುವಾದ ಮೇಲೆ ಒಂದೇ ಮುಳ್ಳು ಕನ್ನಡಕ್ಕೂ ಮರಾಠಿಗೂ ತಿರುಗಬಹುದಾಗಿತ್ತು. ಸೆಟ್ಟಿನ ಚರಿತ್ರೆ ಇರುವುದು ಆ ಕೇಳುವಿಕೆಯಲ್ಲಿ. ಮೂಕವಾದರೆ ಅದು ಬರೀ ಪೀಠೋಪಕರಣ. ಮತ್ತೆ ಮಾತಾಡಿಸಲು ಬಿಡಿಭಾಗ ಬದಲಿಸಿದರೆ ಅಸಲಿತನ ಹೋಯಿತೆಂಬ ಆಕ್ಷೇಪ ಇದ್ದೇ ಇದೆ. ಆದರೆ ಮೇಣ ಸೋರಿದ ಕಾಗದದ ಕೆಪಾಸಿಟರನ್ನು ಅಂದಿನ ರಿಪೇರಿಯವರೂ ಕಿತ್ತೆಸೆಯುತ್ತಿದ್ದರು. ಅದನ್ನು ಉಳಿಸಿಕೊಂಡು ನೇರವಾಗಿ ಕರೆಂಟು ಕೊಟ್ಟರೆ ಔಟ್‌ಪುಟ್ ವಾಲ್ವೂ ಟ್ರಾನ್ಸ್‌ಫಾರ್ಮರೂ ಸುಟ್ಟುಹೋಗಬಹುದು. ಬ್ಲೂಟೂತ್ ಬೇಕೆನ್ನುವವರು ಒಳಗಿನ ಸುರುಳಿಗಳನ್ನು ಕೀಳಬೇಕಿಲ್ಲ: ಪವರ್ ಟ್ರಾನ್ಸ್‌ಫಾರ್ಮರ್ ಇರುವ ಸೆಟ್ಟಾದರೆ ಹಿಂಬದಿಯ ಗ್ರಾಮಫೋನ್ ತೂತಿಗೇ ಬ್ಲೂಟೂತ್ ರಿಸೀವರಿನ ತಂತಿ ಕೊಡಬಹುದು. ಎಲ್‌ಇಡಿ ಬಲ್ಬು, ಚಾರ್ಜರುಗಳ ಗೊರಗೊರ ಸದ್ದಿಗೆ ಮಾತ್ರ ಮಾಳಿಗೆಯ ಮೇಲೆ ಏರಿಯಲ್ ಎಳೆಯಲೇಬೇಕು.